ರೂಲ್ಸಕ್ಕನ ಬಡ್ತಿ

ತೂಕ-ಅಳತೆ ಇಲಾಖೆಯ ಆ ಕಚೇರಿಯಲ್ಲಿ ಅವಳ ಹೆಸರು ಗೊತ್ತಿದ್ದದ್ದು ಹಾಜರಿ ಪುಸ್ತಕಕ್ಕೆ ಮಾತ್ರ. ಮಿಕ್ಕವರಿಗೆಲ್ಲ ಅವಳು ರೂಲ್ಸಕ್ಕ. ಇಪ್ಪತ್ತಾರು ವರ್ಷ ಸಿಬ್ಬಂದಿ ಶಾಖೆಯ ಅದೇ ಕಿಟಕಿ ಪಕ್ಕದ ಮೇಜು, ಬೆನ್ನು ಹರಿದು ದಾರ ಸುತ್ತಿಸಿಕೊಂಡ ಅದೇ ಸೇವಾ ನಿಯಮಾವಳಿ. ಯಾರ ರಜೆ, ಯಾರ ಇನ್‌ಕ್ರಿಮೆಂಟು, ಯಾರ ಪಿಂಚಣಿ ಎಲ್ಲಿ ಸಿಕ್ಕಿಹಾಕಿಕೊಂಡರೂ ಅವಳ ಮುಂದೆ ಬಂದು ನಿಲ್ಲಬೇಕು. "ಅಕ್ಕಾ, ಅರ್ಧ ದಿನದ ರಜೆನ ಭಾನುವಾರಕ್ಕೆ ಅಂಟಿಸಬಹುದಾ?" ಅಂತ ಯಾರಾದರೂ ಕೇಳಿದರೆ, ತಲೆ ಎತ್ತದೆ ನಿಯಮದ ಸಂಖ್ಯೆ ಹೇಳಿ, "ಅಂಟಿಸಬಹುದು. ಆದ್ರೆ ಮುಂಚೆ ಅರ್ಜಿ ಕೊಡು. ಆಮೇಲೆ ಬಂದು ಹಲ್ಲುನೋವು ಅಂತ ಕತೆ ಕಟ್ಟಬೇಡ. ಹೋದ ಸಲವೂ ಅದೇ ಹಲ್ಲೇ ನೋಯ್ತಿತ್ತು ನಿಂಗೆ" ಅನ್ನುವಳು. ಸಾಹೇಬರೂ ಅಷ್ಟೆ, ನೇರವಾಗಿ ಕೇಳಿದರೆ ಮರ್ಯಾದೆ ಹೋಗುತ್ತೆ ಅಂತ ಹವಾಮಾನದ ಮಾತು ಎತ್ತಿ, ಸುತ್ತಿ ಬಳಸಿ ನಿಯಮಕ್ಕೆ ಬರುವರು.

ಅಂಥವಳೇ ಎಡವಿದಳು ನೋಡಿ. ದೀಪದ ಬುಡದಲ್ಲೇ ಕತ್ತಲು ಅಂತ ಹಿರಿಯರು ಸುಮ್ಮನೆ ಹೇಳಿದ್ದಲ್ಲ.

ಅವಳ ಗಂಡ ಅದೇ ಊರಿನ ಪೋಸ್ಟ್‌ಮ್ಯಾನ್ ಆಗಿದ್ದವನು. ಊರಿಗೆಲ್ಲ ಅಂಚೆಯಣ್ಣ. ಹತ್ತೊಂಬತ್ತು ವರ್ಷ ಹೆಗಲಿಗೆ ಚೀಲ ಹಾಕಿಕೊಂಡು ಆ ಊರಿನ ಒಂದೊಂದು ಬೀದಿಯನ್ನೂ ಕಾಲಲ್ಲಿ ತಿಕ್ಕಿದ್ದ. ಯಾವ ಮನೆಯ ಗೇಟು ಎಳೆದರೆ ತೆರೆಯುತ್ತೆ, ಯಾವುದು ಎತ್ತಿ ದೂಡಿದರೆ ತೆರೆಯುತ್ತೆ, ಯಾವ ನಾಯಿ ಬೊಗಳುತ್ತೆ, ಯಾವುದು ಬೊಗಳದೆ ಕಚ್ಚುತ್ತೆ, ಎಲ್ಲ ಬಾಯಿಪಾಠ. ನಲವತ್ತಾರಕ್ಕೆ ಕಣ್ಣಿನೊಳಗಿನ ಒತ್ತಡದ ಕಾಯಿಲೆ ಹಿಡಿಯಿತು. ಮೊದಲು ಪಕ್ಕದ್ದು ಕಾಣದಾಯಿತು, ಆಮೇಲೆ ಎದುರಿನದು. ಒಂದೂವರೆ ವರ್ಷದಲ್ಲಿ ಎರಡೂ ಕಣ್ಣು ಪೂರಾ ಹೋದವು, ಕೆಲಸವೂ ಹೋಯಿತು. ಎಂಟು ತಿಂಗಳು ಗೋಡೆ ಕಡೆ ಮುಖ ಮಾಡಿ ಮಲಗಿದ್ದ. ಮಕ್ಕಳಿಲ್ಲದ ಮನೆ, ಸಂಜೆ ಅವಳು ಬಂದು ಮಾತಾಡಿಸಿದರೆ ಉಂಟು, ಇಲ್ಲದಿದ್ದರೆ ಇಲ್ಲ.

ಅವನನ್ನು ಎಬ್ಬಿಸಿದ್ದು ಡಾಕ್ಟರೂ ಅಲ್ಲ, ಹೆಂಡತಿಯೂ ಅಲ್ಲ. ಅವನ ಜಾಗಕ್ಕೆ ಬಂದ ಹೊಸ ಪೋಸ್ಟ್‌ಮ್ಯಾನ್ ಒಂದು ಮಧ್ಯಾಹ್ನ ಬಾಗಿಲಲ್ಲಿ ನಿಂತು, "ಅಣ್ಣಾ, ಹಳೇ ಗಿರಣಿ ಹಿಂದೆ ಮೂರು ಓಣಿ ಇದಾವೆ, ಈ ಕಾಗದ ಯಾವ ಓಣಿದು?" ಅಂತ ವಿಳಾಸ ಓದಿ ಕೇಳಿದ. ಇವನು ಮಲಗಿದ್ದಲ್ಲಿಂದಲೇ ಹೇಳಿದ. ಹೊಸಬ ಹೋಗಿ, ಸಿಗಲಿಲ್ಲ ಅಂತ ವಾಪಸ್ ಬಂದ. ಮತ್ತೆ ಹೇಳಿದ. ಮತ್ತೆ ವಾಪಸ್ ಬಂದ. ಅಂಚೆಯಣ್ಣನಿಗೆ ರೇಗಿ ಹೋಯಿತು. "ಕಣ್ಣಿರೋದು ನಿಂಗೋ ನಂಗೋ? ನಡಿ, ತೋರಿಸ್ತೀನಿ" ಅಂತ ಎದ್ದವನೇ ಚಪ್ಪಲಿ ಮೆಟ್ಟಿ ಹೊರಟುಬಿಟ್ಟ. ಗಿರಣಿ ಹಿಂದಿನ ಎರಡನೇ ಓಣಿಯ ಕೊನೇ ಮನೆಯ ಗೇಟನ್ನು ಎತ್ತಿ ದೂಡಿ ತೆರೆದಾಗಲೇ ಅವನಿಗೆ ತಾನು ಎಲ್ಲಿಗೆ ಬಂದಿದ್ದೇನೆ ಅನ್ನೋದು ಹೊಳೆದದ್ದು.

ಅಲ್ಲಿಂದ ಶುರು. ಕೈಯಲ್ಲೊಂದು ಕೋಲು ಹಿಡಿದು ಊರೆಲ್ಲ ಓಡಾಡಿದ. ಊರು ಅವನ ತಲೆಯಲ್ಲಿ ಇಡೀ ಇತ್ತು, ಕಣ್ಣು ಹೋಗುವ ಮುಂಚೆ ಹೇಗಿತ್ತೋ ಹಾಗೇ. ಹಾಲು ತರುವವನು ಅವನೇ, ಕರೆಂಟು ಬಿಲ್ಲು ಕಟ್ಟುವವನು ಅವನೇ. ಸಂಜೆ ಐದೂವರೆಗೆ ಹೆಂಡತಿಯ ಕಚೇರಿ ಗೇಟಿನ ಮುಂದೆ ಬಂದು ನಿಲ್ಲುವನು. ಇಬ್ಬರೂ ಪಕ್ಕಪಕ್ಕ ನಡೆದು ಮನೆಗೆ ಹೋಗುವರು. ದಾರಿಯುದ್ದಕ್ಕೂ "ಏನ್ ಅಂಚೆಯಣ್ಣಾ, ಅಕ್ಕನ್ನ ಕರ್ಕೊಂಡು ಹೊರಟ್ರಾ?" ಅನ್ನುವ ಮಾತು. ಕರೆದುಕೊಂಡು ಹೋಗುತ್ತಿರುವವನು ಅವನು, ಅವಳಲ್ಲ. ಆ ಮಾತು ಕಿವಿಗೆ ಬಿದ್ದಾಗಲೆಲ್ಲ ಅವಳ ಹೊಟ್ಟೆ ತಣ್ಣಗಾಗುತ್ತಿತ್ತು.

ಹೀಗಿರುವಾಗ ಬಡ್ತಿಯ ಪಟ್ಟಿ ಬಂತು, ಅದರಲ್ಲಿ ಅವಳ ಹೆಸರೂ ಇತ್ತು. ಹಿರಿಯ ಗುಮಾಸ್ತೆಯಿಂದ ಸೂಪರಿಂಟೆಂಡೆಂಟ್. ಅವಳಿಗೆ ಆಸೆ ಇರಲಿಲ್ಲವೇ ಅಂದರೆ, ಇತ್ತು. ಯಾಕಿರಬಾರದು? ತನ್ನ ಕೈಕೆಳಗೆ ಕೆಲಸ ಕಲಿತವರು ತನ್ನ ತಲೆ ಮೇಲೆ ಹಾದುಹೋಗುವುದನ್ನು ಹನ್ನೆರಡು ವರ್ಷ ನೋಡಿದ್ದಳು. ಮೇಲಾಗಿ ಅದೇ ಕಚೇರಿಯ ಸೂಪರಿಂಟೆಂಡೆಂಟರು ನಿವೃತ್ತರಾಗಿ ಎರಡು ತಿಂಗಳಾಗಿತ್ತು. ಕುರ್ಚಿ ಖಾಲಿ, ಅವಳ ಮೇಜಿನಿಂದ ಆರು ಮಾರು ದೂರ. ಅದು ಅವಳಿಗೇ ಅಂತ ಸಾಹೇಬರಿಂದ ಹಿಡಿದು ನೀರು ತುಂಬುವವರ ತನಕ ಎಲ್ಲರೂ ತೀರ್ಮಾನ ಮಾಡಿಯಾಗಿತ್ತು.

ಆ ಕಚೇರಿಯಲ್ಲಿ ಒಂದು ಪದ್ಧತಿ. ಯಾರಿಗಾದರೂ ಬಡ್ತಿ ಬಂದರೆ ಆ ದಿನವೇ ಅವರನ್ನು ಹಿಡಿದು ದೊಡ್ಡ ಕುರ್ಚಿಯಲ್ಲಿ ಕೂರಿಸಬೇಕು. ಸೀಟಿನ ಮೇಲೆ ಹೊಸ ಟವೆಲ್ಲು. ಎಲ್ಲರೂ ಸುತ್ತ ನಿಂತು ಚಪ್ಪಾಳೆ ತಟ್ಟುವುದು. ಆಮೇಲೆ ಜವಾನ ತನ್ನ ರಜೆ ಅರ್ಜಿ ತಂದು ಮುಂದಿಡುವುದು, ಹೊಸ ಅಧಿಕಾರದ ಮೊದಲ ಸಹಿ ಅದಕ್ಕೇ ಬೀಳಬೇಕು. ಜವಾನನ ರಜೆಗೆ ಮೊದಲ ಸಹಿ ಹಾಕಿದವರು ಕಷ್ಟ ಕಾಣದೆ ನಿವೃತ್ತರಾಗುತ್ತಾರೆ ಅಂತ ಯಾವ ಕಾಲದಲ್ಲಿ ಯಾವ ಜವಾನ ಹುಟ್ಟಿಸಿದನೋ ಏನೋ! ಯಾರು ಹುಟ್ಟಿಸಿದರೂ ಅವನು ಬುದ್ಧಿವಂತ.

ಜವಾನ ಮಾಮ ಅಂತಲೇ ಎಲ್ಲರೂ ಕರೆಯುತ್ತಿದ್ದ ಮುದುಕ ಆ ದಿನ ಅವಳ ಕೈ ಹಿಡಿದು ಎಳೆದ. "ಏಳಮ್ಮಾ ತಾಯಿ! ನಿನ್ನ ಸಹಿಗೋಸ್ಕರ ನಾನು ಹನ್ನೆರಡು ವರ್ಷದಿಂದ ಕಾಯ್ತಿದೀನಿ."

"ಸ್ಥಳ ನಿಯುಕ್ತಿ ಆದೇಶ ಇನ್ನೂ ಬಂದಿಲ್ಲ ಮಾಮಾ. ಯಾವ ಊರು ಅಂತ ಗೊತ್ತಾಗಲಿ" ಅಂದಳು ರೂಲ್ಸಕ್ಕ. ಅಂದದ್ದು ನಿಜ. ಪಟ್ಟಿ ಬೇರೆ, ಜಾಗ ಬೇರೆ. ಜಾಗದ ಆದೇಶ ಒಂದೆರಡು ದಿನ ಬಿಟ್ಟು ಬರುತ್ತೆ.

"ಯಾವ ಊರೇನು? ಕುರ್ಚಿ ಇಲ್ಲೇ ಬಾಯಿ ಬಿಟ್ಕೊಂಡು ಕೂತಿದೆ. ಎಲ್ಲರಿಗೂ ರೂಲ್ಸು ಹೇಳಿದ್ದು ಸಾಕು, ಒಂದು ದಿನ ನಗ್ತಾ ಕೂತ್ಕೋ."

ಕೂತಳು. ಟವೆಲ್ಲಿನ ಮೇಲೆ ಹತ್ತು ನಿಮಿಷ. ನಕ್ಕಳು ಕೂಡ. ಮಾಮನ ಎರಡು ದಿನದ ರಜೆ ಅರ್ಜಿಯ ಕೆಳಗೆ 'ಮಂಜೂರು' ಅಂತ ಬರೆದು, ಸಹಿ ಮಾಡಿ, ಕೆಳಗೆ ಸೂಪರಿಂಟೆಂಡೆಂಟ್ ಅಂತಲೂ ಬರೆದಳು. ತನ್ನ ಸಹಿಯ ಕೆಳಗೆ ಆ ಪದ ಹೇಗೆ ಕಾಣುತ್ತೆ ಅಂತ ನೋಡುವ ಆಸೆ. ಅಷ್ಟೇ. ಅರ್ಜಿ ಕಡತಕ್ಕೆ ಹೋಯಿತು, ಮಾಮ ಎರಡು ದಿನ ಮಗಳ ಊರಿಗೆ ಹೋದ.

ಮೂರನೇ ದಿನ ಜಾಗದ ಆದೇಶ ಬಂತು. ಆ ಕುರ್ಚಿ ಕೇಂದ್ರ ಕಚೇರಿಯ ಇನ್ನೊಬ್ಬರಿಗೆ. ಇವಳಿಗೆ ಹದಿನೆಂಟು ಗಂಟೆ ರೈಲು ಹಿಡಿಯುವಷ್ಟು ದೂರದ ಊರು.

ಅವಳಿಗೆ ಕೈಕಾಲು ಆಡಲಿಲ್ಲ, ಆದರೆ ತಲೆ ಆಡಿತು. ಬಡ್ತಿ ಬೇಡ ಅಂತ ಹದಿನೈದು ದಿನದೊಳಗೆ ಬರೆದು ಕೊಡಬಹುದು, ಬರೆದು ಕೊಟ್ಟರೆ ಇದ್ದಲ್ಲೇ ಇರಬಹುದು; ಅದು ನಿಯಮ. ಆಸೆ ಹಾಳಾಗಿ ಹೋಗಲಿ, ಗಂಡನ ಓಡಾಟ ಉಳಿಯಲಿ ಅಂತ ಅಲ್ಲೇ ಕೂತು ಬರೆದು ಕೊಟ್ಟಳು. ಒಂದು ವಾರಕ್ಕೆ ಕಾಗದ ವಾಪಸ್ ಬಂತು: 'ಸದರಿ ನೌಕರರು ಬಡ್ತಿ ಹುದ್ದೆಯ ಅಧಿಕಾರವನ್ನು ಈಗಾಗಲೇ ಚಲಾಯಿಸಿರುವುದರಿಂದ ನಿರಾಕರಣೆಗೆ ಅವಕಾಶವಿರುವುದಿಲ್ಲ.' ಜೊತೆಗೆ ಮಾಮನ ರಜೆ ಅರ್ಜಿಯ ಪ್ರತಿ. ನಿಯಮದಲ್ಲಿ ಅದೂ ಇತ್ತು, ಅಧಿಕಾರ ವಹಿಸಿಕೊಂಡ ಮೇಲೆ ನಿರಾಕರಿಸುವಂತಿಲ್ಲ. ಎಷ್ಟು ಜನಕ್ಕೆ ಅವಳೇ ಅದನ್ನು ಓದಿ ಹೇಳಿದ್ದಳು! ಅವಳು ಮೇಜಿನ ಮೇಲೆ ತಲೆಯಿಟ್ಟು ಅತ್ತಳು. ಆ ಕಚೇರಿಯಲ್ಲಿ ಅವಳು ಅತ್ತದ್ದನ್ನು ಯಾರೂ ಅದಕ್ಕೆ ಮುಂಚೆ ಕಂಡಿರಲಿಲ್ಲ.

ಹಾಗೆ ಅವಳು ಕೋರ್ಟಿನ ಮೆಟ್ಟಿಲು ಹತ್ತಿದಳು. ಕೋರ್ಟಲ್ಲಿ ಗೆದ್ದವ ಸೋತ, ಸೋತವ ಸತ್ತ ಅಂತ ಗೊತ್ತಿದ್ದೂ ಹತ್ತಿದಳು. ಬೇರೆ ದಾರಿ ಇರಲಿಲ್ಲ. ಅವಳ ವಕೀಲರು ಸಣಕಲು ಮನುಷ್ಯ, ಮಾತಿಗೊಂದು ಸಲ ಕನ್ನಡಕ ಒರೆಸುವರು. ಮೊದಲ ದಿನವೇ ತಡೆಯಾಜ್ಞೆ ತಂದರು. ಕೇಸು ಮುಗಿಯುವ ತನಕ ಎಲ್ಲಿಗೂ ಹೋಗಬೇಕಾಗಿಲ್ಲ. ಆ ಸಂಜೆ ಅಂಚೆಯಣ್ಣ ಕಚೇರಿ ಗೇಟಿನಲ್ಲಿ ನಿಂತಿದ್ದ. ಅವಳ ಹೆಜ್ಜೆ ಸಪ್ಪಳ ಕೇಳಿಯೇ, "ಗೆದ್ದೆ ಅಲ್ವಾ?" ಅಂದ.

"ತಡೆಯಾಜ್ಞೆ ಅಷ್ಟೆ ಕಣ್ರೀ. ಗೆದ್ದದ್ದಲ್ಲ."

"ನಿನ್ನ ರೂಲ್ಸು ಮನೇಲಿಟ್ಕೋ. ಇವತ್ತಿಗೆ ಗೆದ್ದದ್ದೇ."

ಏಳು ತಿಂಗಳು ಹಾಗೇ ನಡೆಯಿತು. ಆಮೇಲೆ ವಿಚಾರಣೆ. ಕುರ್ಚಿಯ ಕತೆ ಮೊದಲು ಬಂತು. ಇವಳ ವಕೀಲರು ಕನ್ನಡಕ ಒರೆಸಿ, ಅದೊಂದು ತಮಾಷೆಯ ಪದ್ಧತಿ ಮಹಾಸ್ವಾಮಿ, ಅಲ್ಲಿ ಎಲ್ಲರೂ ಮಾಡುತ್ತಾರೆ, ಅದನ್ನು ಅಧಿಕಾರ ವಹಿಸಿಕೊಂಡದ್ದು ಅನ್ನಲಾಗದು ಅಂದರು. ಇಲಾಖೆಯ ವಕೀಲರು ಎದ್ದರು. ದುಂಡಗಿನ, ಹಸನ್ಮುಖದ ಮನುಷ್ಯ.

"ಸಹಿ ತಮಾಷೆ ಅಂತಾನೇ ಇಟ್ಕೊಳ್ಳೋಣ ಸ್ವಾಮಿ. ಜವಾನ ಎರಡು ದಿನ ಮಗಳ ಮನೇಲಿ ಊಟ ಮಾಡಿ ಬಂದಿದಾನೆ. ಅದೂ ತಮಾಷೆನಾ?"

ಕೋರ್ಟಿನಲ್ಲಿದ್ದವರೆಲ್ಲ ನಕ್ಕರು. ಹಿಂದಿನ ಬೆಂಚಿನಲ್ಲಿ ಕೂತಿದ್ದ ಮಾಮ ಟವೆಲ್ಲಿನಲ್ಲಿ ಮುಖ ಮುಚ್ಚಿಕೊಂಡ. "ಹಾಳಾದ ರಜೆ, ಹೋಗದೇ ಇದ್ದಿದ್ರೆ ನಂಗೇನು ಗಂಟು ಹೋಗ್ತಿತ್ತು" ಅಂತ ಆಮೇಲೆ ಕಾರಿಡಾರಿನಲ್ಲಿ ಅವಳ ಕಾಲಿಗೇ ಬೀಳೋಕೆ ಬಂದ. ಅವಳು ಹಿಡಿದು ಎತ್ತಿದಳು. ಅವನ ಮೇಲೆ ಸಿಟ್ಟು ಬರಲಿ ಅಂತ ನೋಡಿದರೂ ಬರಲಿಲ್ಲ.

ನ್ಯಾಯಾಧೀಶರು ಕೆಟ್ಟವರಲ್ಲ. ಕುರ್ಚಿಯ ವಾದ ನಿಲ್ಲುವುದಿಲ್ಲ, ಬಡ್ತಿ ಒಪ್ಪಿದಂತೆಯೇ ಆಯಿತು. ಆದರೆ ಗಂಡನಿಗೆ ದೃಷ್ಟಿಯಿಲ್ಲ ಅಂತಿದೆ, ಆ ಕಷ್ಟವನ್ನು ಪರಿಗಣಿಸುತ್ತೇನೆ, ಮುಂದಿನ ತಾರೀಖಿಗೆ ಅವರನ್ನು ಕರೆತನ್ನಿ ಅಂದರು. ಹೀಗೆ ಇಡೀ ಕೇಸು ಬಂದು ಅಂಚೆಯಣ್ಣನ ತಲೆ ಮೇಲೆ ಕೂತಿತು.

ಹೊರಗೆ ಬಂದ ಮೇಲೆ ವಕೀಲರು ಅವಳನ್ನು ಕಂಬದ ಮರೆಗೆ ಕರೆದರು.

"ನೋಡಿಮ್ಮಾ, ಹೀಗೆ ಹೇಳ್ತೀನಿ ಅಂತ ಬೇಜಾರು ಮಾಡ್ಕೋಬೇಡಿ. ಅವರ ಕೈ ಹಿಡ್ಕೊಂಡು ಕರ್ಕೊಂಡು ಬನ್ನಿ. ಮೆಟ್ಟಿಲಲ್ಲಿ ಸ್ವಲ್ಪ ನಿಧಾನ. ಸುಳ್ಳು ಹೇಳಿ ಅಂತಿಲ್ಲ ನಾನು. ನೀವಿಲ್ಲದೆ ಅವರಿಗೆ ಆಗಲ್ಲ ಅನ್ನೋದು ಜಡ್ಜಿಗೆ ಕಣ್ಣಾರೆ ಕಾಣಬೇಕು."

"ಈ ಊರಲ್ಲಿ ಅವರು ಒಬ್ಬರೇ ಓಡಾಡ್ತಾರೆ ಸಾರ್. ಬೇರೆ ಊರಲ್ಲಿ ಆಗಲ್ಲ. ನಮ್ಮ ಕಷ್ಟ ಇರೋದೇ ಅದರಲ್ಲಿ."

"ಅದು ನಿಮಗೆ ಅರ್ಥ ಆಗುತ್ತೆ, ನನಗೂ ಆಗುತ್ತೆ. ಹತ್ತು ನಿಮಿಷದಲ್ಲಿ ಅಲ್ಲಿ ಅರ್ಥ ಮಾಡಿಸೋದು ಕಷ್ಟ."

ಅವಳಿಗೆ ಉಗುಳಲಾರದ ನುಂಗಲಾರದ ಮಾತು ಅದು. ತಾರೀಖಿನ ಹಿಂದಿನ ಸಂಜೆ ಅಂಚೆಯಣ್ಣ ನಡುಮನೆಯಲ್ಲಿ ಕೂತು ತನ್ನ ಬೂಟಿಗೆ ಪಾಲಿಶ್ ಹಚ್ಚುತ್ತಿದ್ದ. ಬಿಳಿ ಅಂಗಿಗೆ ಇಸ್ತ್ರಿ ಹಾಕಿಸಿ ತಂದು ಬಾಗಿಲ ಹಿಂದೆ ತೂಗುಹಾಕಿದ್ದ. ಅವಳು ಒಲೆ ಮುಂದಿಂದ ನಾಲ್ಕು ಸಲ ಎದ್ದು ಬಂದಳು. "ರೀ..." ಅಂದಳು. "ಹೂಂ?" ಅಂದ. "ಏನಿಲ್ಲ, ಅನ್ನ ಬಡಿಸ್ಲಾ?" ಅಂದಳು. ಎಂಟು ತಿಂಗಳು ಗೋಡೆ ಕಡೆ ಮುಖ ಮಾಡಿ ಮಲಗಿದ್ದವನಿಗೆ, ಎದ್ದು ಹತ್ತು ವರ್ಷ ತಲೆಯೆತ್ತಿ ನಡೆದವನಿಗೆ, ನಾಳೆ ಮಾತ್ರ ಕುರುಡನ ಹಾಗೆ ಬನ್ನಿ ಅಂತ ಯಾವ ಬಾಯಲ್ಲಿ ಹೇಳುವುದು? ಹೇಳಲಿಲ್ಲ. ನಾಳೆ ತಾನೇ ಪಕ್ಕದಲ್ಲಿದ್ದು ತೋಳು ಹಿಡಿದರೆ ಆಯಿತು, ಅವನಿಗೆ ಗೊತ್ತೇ ಆಗಬೇಕಾಗಿಲ್ಲ ಅಂತ ಲೆಕ್ಕ ಹಾಕಿ ಮಲಗಿದಳು.

ಆ ಲೆಕ್ಕವೂ ತಪ್ಪಿತು. ಬೆಳಿಗ್ಗೆ ಒಂಬತ್ತಕ್ಕೇ ವಕೀಲರು ಯಾವುದೋ ಪ್ರಮಾಣಪತ್ರಕ್ಕೆ ಸಹಿ ಬೇಕು ಅಂತ ಫೋನ್ ಮಾಡಿ ಕರೆಸಿಕೊಂಡರು. ಪಕ್ಕದ ಮನೆಯವರು ಅಂಚೆಯಣ್ಣನನ್ನು ಆಟೋದಲ್ಲಿ ಕರೆತರುವುದು ಅಂತಾಯಿತು. "ಕೋರ್ಟಿನ ಒಳಗಿನ ತನಕ ಕೈ ಹಿಡ್ಕೊಂಡೇ ಬನ್ನಿ" ಅಂತ ಅವರಿಗೆ ಎರಡು ಸಲ ಹೇಳಿ ಹೋದಳು.

ಹನ್ನೊಂದೂ ಕಾಲಿಗೆ ಕೇಸು ಕೂಗಿದರು. ಅವಳು ಬಾಗಿಲ ಕಡೆ ನೋಡಿದಳು. ಕಾರಿಡಾರಿನಲ್ಲಿ ಬೂಟಿನ ಸಪ್ಪಳ ಕೇಳಿತು. ಆ ನಡಿಗೆ ಅವಳಿಗೆ ಗೊತ್ತು. ಪಕ್ಕದ ಮನೆಯವರನ್ನು ಗೇಟಿನಲ್ಲೇ ಬಿಟ್ಟು, ಕೋಲನ್ನು ಕಂಕುಳಲ್ಲಿ ಸಿಕ್ಕಿಸಿಕೊಂಡು, ಅಂಚೆಯಣ್ಣ ಒಬ್ಬನೇ ಬಂದ. ಹೊಸ್ತಿಲು ದಾಟಿದ. ಬೆಂಚುಗಳ ನಡುವಿನ ದಾರಿಯಲ್ಲಿ ಯಾರ ಕಾಲನ್ನೂ ತುಳಿಯದೆ ನೆಟ್ಟಗೆ ಮುಂದೆ ನಡೆದ. ಎರಡು ಮೆಟ್ಟಿಲು ಹತ್ತಿ, ನಿಂತು, ನ್ಯಾಯಾಧೀಶರು ಕೂತಿದ್ದ ಕಡೆಗೇ ಸರಿಯಾಗಿ ತಿರುಗಿ ಕೈ ಮುಗಿದ.

ಅವಳ ಎದೆ ಹಿಗ್ಗಿತು. ಎಂಥ ಚೆಂದ ನಡೆದ ನನ್ನ ಗಂಡ, ಅನ್ನಿಸಿತು. ಅದರ ಬೆನ್ನಿಗೇ ಅವಳಿಗೆ, ಕೆಟ್ಟೆವು, ಮುಗಿಯಿತು ಅಂತಲೂ ಅನ್ನಿಸಿತು.

"ಯಾರು ಕರ್ಕೊಂಡು ಬಂದ್ರು?" ನ್ಯಾಯಾಧೀಶರು ಕೇಳಿದರು.

"ಯಾರೂ ಇಲ್ಲ ಸ್ವಾಮಿ. ಹತ್ತೊಂಬತ್ತು ವರ್ಷ ಈ ಕೋರ್ಟಿಗೆ ರಿಜಿಸ್ಟರ್ ಕಾಗದ ತಂದು ಕೊಟ್ಟೋನು ನಾನು. ಇದು ನನ್ನ ಬೀಟು."

ನ್ಯಾಯಾಧೀಶರ ಮುಖದಲ್ಲಿ ನಿಜವಾದ ಮೆಚ್ಚುಗೆ ಕಂಡಿತು. ಇವಳ ವಕೀಲರು ತಟ್ಟನೆ ಎದ್ದು, ಅದೇ ಸ್ವಾಮಿ, ಈ ಊರೊಂದೇ ಅವರಿಗೆ ಗೊತ್ತು, ಕಣ್ಣಿದ್ದಾಗ ನೋಡಿದ ಊರಿದು, ನೋಡದ ಊರಲ್ಲಿ ಒಂದು ಹೆಜ್ಜೆಯೂ ಆಗದು ಅಂದರು. ಚೆನ್ನಾಗಿಯೇ ಹೇಳಿದರು, ಪಾಪ. ಇಲಾಖೆಯ ವಕೀಲರು ನಗುತ್ತಲೇ, ಇಷ್ಟು ಚುರುಕಿನವರು ಇನ್ನೊಂದು ಊರನ್ನೂ ಒಂದು ತಿಂಗಳಲ್ಲಿ ಕಲಿತಾರು ಅಂದರು. ನ್ಯಾಯಾಧೀಶರು ಯೋಚಿಸಿದರು. ಆಮೇಲೆ ನೇರವಾಗಿ ಅವನನ್ನೇ ಕೇಳಿದರು.

"ನೀವೇ ಹೇಳಿ. ಹೊಸ ಊರಲ್ಲಿ ನಡೆಯೋದು ಕಲೀತೀರಾ?"

ಇಲ್ಲ ಅನ್ನಿ, ಇಲ್ಲ ಅನ್ನಿ ಅಂತ ಅವಳು ಒಳಗೊಳಗೇ ಬಡಕೊಂಡಳು. ಐವತ್ತು ಜನರ ಎದುರು, ಹೆಂಡತಿಯ ಎದುರು, ನನ್ನ ಕೈಲಾಗದು ಅನ್ನುವುದು ಅವನಿಂದ ಆಗಲಿಲ್ಲ. ಬೆನ್ನು ನೆಟ್ಟಗೆ ಮಾಡಿಕೊಂಡು ಹೇಳಿದ: "ಮನಸ್ಸು ಮಾಡಿದ್ರೆ ಯಾಕಾಗಲ್ಲ ಸ್ವಾಮಿ? ಕಲೀತೀನಿ."

ತೀರ್ಪು ಎರಡು ವಾರಕ್ಕೆ ಬಂತು. ಅರ್ಜಿ ವಜಾ. ನಾಲ್ಕು ವಾರದೊಳಗೆ ಹೊಸ ಜಾಗಕ್ಕೆ ಹೋಗಿ ಹಾಜರಾಗಬೇಕು. ಅವತ್ತು ಮನೆಗೆ ಬಂದು ಅವಳು ಜಗಲಿಯ ಮೇಲೆ ಕೂತಳು, ಅವನು ಪಕ್ಕಕ್ಕೆ ಬಂದು ಕೂತ. "ಓದು" ಅಂದ. ಮನೆಗೆ ಬರುವ ಪ್ರತಿ ಕಾಗದವನ್ನೂ ಅವನಿಗೆ ಅಕ್ಷರ ಬಿಡದೆ ಓದಿ ಹೇಳುವುದು ಅವಳ ವಾಡಿಕೆ. ಓದಿದಳು. ವರ್ಗಾವಣೆ ಅನ್ನೋದು ನೌಕರಿಯ ಜೊತೆಗೇ ಬರುವಂಥದ್ದು, ಬಡ್ತಿ ಬೇಕು ವರ್ಗ ಬೇಡ ಅನ್ನಲಾಗದು, ಇತ್ಯಾದಿ. ಒಂದು, ಎರಡು, ಮೂರು ಅಂತ ಪ್ಯಾರಾಗಳ ಸಂಖ್ಯೆ ಸಮೇತ ಓದುತ್ತ ಹೋದಳು.

"ನಿಲ್ಲು" ಅಂದ ಅಂಚೆಯಣ್ಣ. "ಆರಾದ ಮೇಲೆ ಎಂಟು ಓದಿದೆ. ಏಳು ಎಲ್ಲಿ?"

"ಏಳರಲ್ಲಿ ಏನಿಲ್ಲ ಕಣ್ರೀ. ಯಾವುದೋ ಹಳೇ ತೀರ್ಪಿನ ಉಲ್ಲೇಖ."

"ಇಪ್ಪತ್ತಾರು ವರ್ಷದಲ್ಲಿ ನೀನು ಒಂದು ಉಲ್ಲೇಖ ಬಿಟ್ಟವಳಲ್ಲ. ಓದು."

ಅವಳು ಓದಿದಳು. 'ಅರ್ಜಿದಾರರ ಪತಿಯು ಯಾರ ನೆರವೂ ಇಲ್ಲದೆ ಈ ನ್ಯಾಯಾಲಯದೊಳಗೆ ನಡೆದು ಬಂದಿದ್ದನ್ನು ನಾವು ಸ್ವತಃ ಕಂಡಿದ್ದೇವೆ. ಅವರ ಧೈರ್ಯ ಅನುಕರಣೀಯ. ಹೊಸ ಸ್ಥಳದಲ್ಲಿಯೂ ಓಡಾಡಲು ಕಲಿಯುವುದಾಗಿ ಅವರೇ ತಿಳಿಸಿರುವುದರಿಂದ, ಅರ್ಜಿದಾರರು ಹೇಳಿಕೊಂಡಿರುವ ಕಷ್ಟವು ಅಸಾಧಾರಣವೆಂದು ನಮಗೆ ಕಂಡುಬರುವುದಿಲ್ಲ.'

ಬೀದಿಯಲ್ಲಿ ಯಾರೋ ಸೈಕಲ್ ನಿಲ್ಲಿಸಿ "ಅಂಚೆಯಣ್ಣಾ, ಆರಾಮಾ?" ಅಂದರು. ಅವನು ಹೆಂಡತಿಯ ಕಡೆಗೇ ತಿರುಗಿದ.

"ಹಂಗಾದ್ರೆ ನಾನು ನಡೆದದ್ದೇ ತಪ್ಪಾಯ್ತು."

"ಇಲ್ಲಾರೀ. ಕುರ್ಚಿ ಮೇಲೆ ಕೂತವಳು ನಾನು. ಸಹಿ ಹಾಕಿದವಳು ನಾನು."

"ವಕೀಲರು ಮುಂಚೆ ನಿಂಗೆ ಏನಾದ್ರೂ ಹೇಳಿದ್ರಾ?"

ಅವಳು ಕಾಗದವನ್ನು ಸರಸರ ಮಡಚಿದಳು. ಅವನಿಗೆ ಅಷ್ಟೇ ಸಾಕಾಯಿತು. "ನಂಗೊಂದು ಮಾತು ಹೇಳಬಾರದಿತ್ತೇನೇ? ಹೇಳಿದ್ರೆ ತೆವಳಿಕೊಂಡು ಬರ್ತಿದ್ದೆ" ಅಂದ. ಅವನ ಮರ್ಯಾದೆ ಕಾಯಲು ಹೋಗಿ ಅವನ ಊರನ್ನೇ ಕಳೆದಿದ್ದಳು. ಮೇಲ್ಮನವಿ ಹಾಕೋಣ ಅಂತ ವಕೀಲರು ಎರಡು ಸಲ ಹೇಳಿಕಳಿಸಿದರು. "ಬೇಡ, ಕಲೀತೀನಿ ಅಂದಿದೀನಿ, ಕಲೀತೀನಿ" ಅಂದ ಅಂಚೆಯಣ್ಣ. ಕೆಲಸ ಬಿಟ್ಟುಬಿಡಲಾ ಅಂತಲೂ ಅವಳು ಕೇಳಿದಳು. ಪಿಂಚಣಿಗೆ ಇನ್ನು ನಾಲ್ಕೇ ವರ್ಷ ಇಟ್ಟುಕೊಂಡು ಹುಚ್ಚುಚ್ಚಾಗಿ ಆಡಬೇಡ ಅಂತ ಬೈದ.

ಹೊಸ ಊರಿನ ಮನೆಯ ಬಾಗಿಲು ನೇರ ರಸ್ತೆಗೇ ತೆರೆಯುತ್ತಿತ್ತು. ಭಾನುವಾರಗಳಲ್ಲಿ ಅವಳು ಅವನನ್ನು ಮೂಲೆ ಅಂಗಡಿಯ ತನಕ ಹತ್ತು ಸಲ ಕರೆದೊಯ್ದು ಹತ್ತು ಸಲ ಕರೆತಂದಳು. ಅವನೂ ಮನಸ್ಸಿಟ್ಟು ಕಲಿಯಲು ನೋಡಿದ, ಸುಳ್ಳು ಹೇಳಬಾರದು. ಆದರೆ ಹಳೇ ಊರಲ್ಲಿ ಕಣ್ಣು ಹೋದ ಮೇಲೂ ಅವನಿಗೆ ಊರು ಕಾಣುತ್ತಿತ್ತು. ಇಲ್ಲಿ ಏನೂ ಕಾಣುತ್ತಿರಲಿಲ್ಲ. ಹಾರ್ನಿನ ಸದ್ದು ಯಾವ ಗೋಡೆಗೆ ಬಡಿದು ಬರುತ್ತಿದೆ ಅಂತ ತಿಳಿಯದೆ ನಡುರಸ್ತೆಯಲ್ಲಿ ನಿಂತುಬಿಡುವನು. ಮೂರನೇ ವಾರ ಒಬ್ಬನೇ ಹೊರಟವನು ಪೈಪು ಹಾಕಲು ತೋಡಿದ್ದ ಗುಂಡಿಗೆ ಬಿದ್ದ. ಗುರುತಿಲ್ಲದ ಇಬ್ಬರು ಎರಡೂ ಕಂಕುಳಿಗೆ ಕೈ ಹಾಕಿ ಕರೆತಂದರು. ಅವನ ಜೊತೆ ಮಾತಾಡಲಿಲ್ಲ, ಅವನ ತಲೆಯ ಮೇಲಿಂದ ಅವಳಿಗೆ ಹೇಳಿದರು: "ಇವರನ್ನ ಹೀಗೆ ಒಬ್ಬರೇ ಹೊರಗೆ ಬಿಡ್ತಾರಾ ಮೇಡಂ? ಸ್ವಲ್ಪನಾದ್ರೂ ಜವಾಬ್ದಾರಿ ಬೇಡ್ವಾ?"

ಆಮೇಲೆ ಅವನು ಹೊರಡಲಿಲ್ಲ. ಕಾಲು ನೋವು ಅಂದ, ಬಿಸಿಲು ಅಂದ, ನಾಳೆ ಅಂದ. ಹೊಸ ಕಚೇರಿಯಲ್ಲಿ ಅವಳಿಗೆ ಮೈತುಂಬ ಕೆಲಸ, ತಲೆತುಂಬ ಚಿಂತೆ. ಒಂದು ಬೆಳಿಗ್ಗೆ ಹಾಲಿನ ಪಾತ್ರೆ ಅವನ ಕೈಗೆ ಕೊಟ್ಟು, "ಇವತ್ತು ನೀವೇ ಹೋಗಿ" ಅಂದಳು. ಅವನು ಪಾತ್ರೆಯನ್ನು ಮೆಲ್ಲಗೆ ಕೆಳಗಿಟ್ಟ. ಅವಳಿಗೆ ಎಲ್ಲಿತ್ತೋ ಸಿಟ್ಟು, ನೆತ್ತಿಗೇರಿತು. "ಜಡ್ಜಿನ ಮುಂದೆ ಎದೆಯುಬ್ಬಿಸಿ ಕಲೀತೀನಿ ಅಂದ್ರಲ್ಲ! ಎಲ್ಲಿ ಹೋಯ್ತು ಅದು?"

ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು. ನಾಲಿಗೆ ಕಚ್ಚಿಕೊಂಡಳು, ಅವನ ಕಾಲ ಬಳಿ ಕೂತು, ತಪ್ಪಾಯ್ತು ರೀ ಅಂತ ಅತ್ತಳು. ಅವನು ಅವಳ ತಲೆ ಸವರಿದ. "ಸರಿಯಾಗೇ ಹೇಳಿದೆ. ನಾನು ಅಂದದ್ದು ಹೌದು" ಅಂದ. ಅವನಿಗೆ ಕೋಪವಿರಲಿಲ್ಲ. ಕೋಪವಾದರೂ ಇದ್ದಿದ್ದರೆ ಅವಳಿಗೆ ಎಷ್ಟೋ ಸಮಾಧಾನವಾಗುತ್ತಿತ್ತು.

ಒಂದು ವಾರ ಕಳೆದು, ಅವಳು ಕಚೇರಿಗೆ ಹೊರಟಿದ್ದಾಗ ಅವನು ಮಂಚದ ಮೇಲಿಂದ ಹೇಳಿದ: "ಹೊರಗಿಂದ ಬೀಗ ಹಾಕ್ಕೊಂಡು ಹೋಗು."

"ಯಾಕ್ರೀ? ಒಳಗಿಂದ ಚಿಲಕ ಹಾಕ್ಕೊಳ್ಳಿ."

"ಯಾರಾದ್ರೂ ಬಾಗಿಲು ತಟ್ಟಿದ್ರೆ ಎದ್ದು ಹೋಗ್ಬೇಕು. ಯಾರು, ಯಾವ ಕಡೆ ನಿಂತಿದಾರೆ, ಒಂದೂ ಗೊತ್ತಾಗಲ್ಲ. ಬೀಗ ಇದ್ರೆ ಮನೇಲಿ ಯಾರೂ ಇಲ್ಲ ಅಂತ ಹೋಗ್ತಾರೆ."

"ನನ್ನ ಕೈಲಿ ಆಗಲ್ಲ" ಅಂದಳು. ಅವನು ಒತ್ತಾಯ ಮಾಡಲಿಲ್ಲ. ಮಾರನೇ ದಿನ ಮತ್ತೆ ಕೇಳಿದ. ಅದರ ಮಾರನೇ ದಿನವೂ ಕೇಳಿದ, ಒಂದು ಲೋಟ ನೀರು ಕೇಳುವ ಹಾಗೆ, ಮೆತ್ತಗೆ. ನಾಲ್ಕನೇ ದಿನ ಅವಳು ಬೀಗ ಹಾಕಿದಳು. ಕೀಲಿಯನ್ನು ಕೈಚೀಲದ ಒಳಜೇಬಿಗೆ ಹಾಕಿ, ಬಸ್ಸು ಹಿಡಿದು, ಕಚೇರಿಗೆ ಹೋಗಿ ಸೂಪರಿಂಟೆಂಡೆಂಟರ ಕುರ್ಚಿಯಲ್ಲಿ ಕೂತಳು. ಇಡೀ ದಿನ ಕಡತದ ಅಕ್ಷರ ಅವಳ ತಲೆಗೆ ಹೋಗಲಿಲ್ಲ.

ಹಾಗೇ ಒಂದು ತಿಂಗಳಾಯಿತು. ಒಂದು ಸಂಜೆ ಅವಳು ಕೀಲಿ ಹುಡುಕುತ್ತ ಬಾಗಿಲಲ್ಲಿ ನಿಂತಿದ್ದಾಗ ಎದುರುಮನೆಯಾಕೆ ನಗುತ್ತ ರಸ್ತೆ ದಾಟಿ ಬಂದಳು. ಒಳ್ಳೇ ಹೆಂಗಸು, ಗುರುತು ಮಾಡಿಕೊಳ್ಳಲು ಬಂದವಳು.

"ಹೊಸದಾಗಿ ಬಂದಿದೀರಾ ಅಂತ ಗೊತ್ತಾಯ್ತು. ಯಾವಾಗ ನೋಡಿದ್ರೂ ಬೀಗ. ಎರಡು ಸಲ ಬಂದು ಹೋದೆ. ನೀವು ಒಬ್ಬರೇನಾ ಇರೋದು?"

"ಇಲ್ಲ" ಅಂದಳು ರೂಲ್ಸಕ್ಕ. "ನಮ್ಮೆಜಮಾನರು ಒಳಗಿದಾರೆ."

ಎದುರುಮನೆಯಾಕೆ ಒಮ್ಮೆ ಬೀಗ ನೋಡಿದಳು, ಒಮ್ಮೆ ಇವಳ ಮುಖ ನೋಡಿದಳು. ಸೆರಗು ಸರಿಮಾಡಿಕೊಂಡು ವಾಪಸ್ ಹೋದಳು. ಅವಳು ತನ್ನ ಮನೆಯೊಳಗೆ ಹೋಗಿ ಬಾಗಿಲು ಹಾಕಿಕೊಳ್ಳುವ ತನಕ ಕಾದು, ರೂಲ್ಸಕ್ಕ ಬೀಗ ತೆಗೆದಳು.